ಎರಡನೆಯ ಹಾಳೆಯಲ್ಲಿದ್ದ ಮನೆ

ಗದಗದ ಹತ್ತಿರ ಇರುವ ನನ್ನ ಗಂಡನ ಊರಿನಲ್ಲಿ ಎಷ್ಟು ಬಾವಿಗಳಿವೆ ಎಂದು ಕೇಳಿದರೆ ಇವತ್ತಿಗೂ ನನಗೆ ಹೇಳಲು ಬರುವುದಿಲ್ಲ. ಆದರೆ ಇಂಗ್ಲೆಂಡಿನ ಒಂದು ಸಣ್ಣ ಹಳ್ಳಿಯ ಬಗ್ಗೆ ಕೇಳಿ, ನಿದ್ದೆಗಣ್ಣಲ್ಲೂ ಹೇಳುತ್ತೇನೆ. ಅಲ್ಲಿರುವುದು ಒಂದೇ ಬೀದಿ. ಮೇಲ್ತುದಿಗೆ ಚರ್ಚು, ಕೆಳತುದಿಗೆ ಕಮ್ಮಾರಸಾಲೆ, ನಡುವೆ ಗಾಡಿಯ ಚಕ್ರ ತೊಳೆಯುವ ಕೊಳ. ಚರ್ಚಿನ ಗೋಪುರದಲ್ಲಿ ಐದು ಗಂಟೆ, ಅದರಲ್ಲಿ ಒಂದು ಬಿರುಕು ಬಿಟ್ಟದ್ದು. ಐದು ಜನ ಐದು ಹಗ್ಗ ಹಿಡಿದು ಬಾರಿಸಬೇಕು. ಒಬ್ಬ ಬರದಿದ್ದರೆ ಯಾರು ಬಂದಿಲ್ಲವೆಂದು ಹೊಲದಲ್ಲಿದ್ದವರಿಗೂ ತಿಳಿಯುತ್ತಿತ್ತು. ಸುಗ್ಗಿ ಮುಗಿದ ಮೇಲೆ ಶಾಲೆಯ ಕೋಣೆಯಲ್ಲಿ ಊರಿಗೆಲ್ಲ ಒಟ್ಟಿಗೆ ಊಟ. ಜಮೀನ್ದಾರನ ಮನೆಯವರೂ ಅದೇ ಬೆಂಚಿನ ಮೇಲೆ ಕೂರುತ್ತಿದ್ದರು, ಆದರೆ ಬೆಂಕಿಗೂಡಿನ ಹತ್ತಿರದ ತುದಿಯಲ್ಲಿ. ಜಾತಿ ಇಲ್ಲದವರ ಊರಿನಲ್ಲೂ ಪಂಕ್ತಿ ಇತ್ತು ಎಂದು ತಿಳಿದಾಗ ನನಗೆ ಒಳಗೊಳಗೇ ಖುಷಿಯಾಗಿತ್ತು.

ಆ ಊರನ್ನು ನಾನು ಕಂಡವಳಲ್ಲ. ಧಾರವಾಡ, ಪುಣೆ, ವರ್ಷಕ್ಕೊಮ್ಮೆ ಅತ್ತೆಯ ಹರಕೆಗೆಂದು ಜೇಜುರಿ, ನನ್ನ ಲೋಕ ಅಷ್ಟೇ. ಆ ಊರು ನನಗೆ ಬಂದದ್ದು ಒಬ್ಬ ಮುದುಕಿಯ ಬಾಯಿಂದ, ಕಾಗದಗಳ ಮೂಲಕ.

ನನ್ನ ಗಂಡ ಪುಣೆಯ ಕ್ಯಾಂಪಿನಲ್ಲಿ, ಅಂದರೆ ಬಿಳಿಯರಿದ್ದ ದಂಡಿನ ಭಾಗದಲ್ಲಿ, ಒಂದು ಕಚೇರಿಯ ಗುಮಾಸ್ತರು. ನಾವು ಪೇಟೆಯಲ್ಲಿ, ಹತ್ತಾರು ಬಾಡಿಗೆ ಸಂಸಾರಗಳಿದ್ದ ಒಂದು ವಾಡೆಯಲ್ಲಿ ಎರಡು ಕೋಣೆ ಹಿಡಿದಿದ್ದೆವು: ಅವರು, ನಾನು, ಅವರ ತಾಯಿ. ನನ್ನ ಅಪ್ಪ ಧಾರವಾಡದಲ್ಲಿ ಮಾಸ್ತರರು. ಮಗಳಿಗೆ ಇಂಗ್ಲಿಷ್ ಕಲಿಸಿ ಕಳಿಸಿದ್ದರು. ಆ ಇಂಗ್ಲಿಷ್ ಒಗ್ಗರಣೆ ಡಬ್ಬಿಯ ಪಕ್ಕದಲ್ಲಿ ಹಾಗೇ ಇತ್ತು. ಎರಡನೆಯ ಮಹಾಯುದ್ಧ ಶುರುವಾದ ಹೊತ್ತಿಗೆ ಕಚೇರಿಯ ಸಾಹೇಬರೊಬ್ಬರು ಗಂಡನನ್ನು ಕೇಳಿದರಂತೆ: ಕ್ಯಾಂಪಿನಲ್ಲಿ ಒಬ್ಬ ಮುದುಕಿ ಇದ್ದಾರೆ, ಕಣ್ಣಿಗೆ ಪೊರೆ ಬಂದಿದೆ, ಕಾಗದ ಓದಿ ಬರೆದು ಕೊಡಲು ಅಕ್ಷರ ಬಲ್ಲ ಹೆಂಗಸು ಸಿಗಬಹುದೇ ಎಂದು. ಗಂಡ ಮನೆಗೆ ಬಂದು ನನ್ನ ಮುಖ ನೋಡದೆ ತಮ್ಮ ತಾಯಿಯನ್ನು ಕೇಳಿದರು. ಅತ್ತೆ ಒಪ್ಪಿದರು. ಅದರ ಹಿಂದಿನ ವರ್ಷ ನನಗೆ ಹುಟ್ಟಿದ ಕೂಸು ಒಂದೇ ವಾರಕ್ಕೆ ಹೋಗಿತ್ತು. ನಾನು ಗೋಡೆ ನೋಡುತ್ತ ಕೂರುವುದನ್ನು ಕಂಡು ಅವರಿಗೂ ಸಾಕಾಗಿತ್ತು.

ಮರಾಠಿಯವರು ಬಿಳಿಯ ಹೆಂಗಸರಿಗೆ ಮಡ್ಡಮ್ ಎನ್ನುತ್ತಿದ್ದರು. ಅತ್ತೆ ಅದಕ್ಕೊಂದು ಅಮ್ಮ ಸೇರಿಸಿ ಮಡ್ಡಮ್ಮ ಎಂದರು. ಆಮೇಲೆ ನಮ್ಮ ಮನೆಯಲ್ಲಿ ಅವರಿಗೆ ಅದೇ ಹೆಸರಾಯಿತು.

ಮಡ್ಡಮ್ಮ ರೈಲ್ವೆ ಎಂಜಿನಿಯರೊಬ್ಬರ ವಿಧವೆ. ಮಕ್ಕಳಿಲ್ಲ. ಹೆಂಚಿನ ಸಣ್ಣ ಬಂಗಲೆ, ಜಗಲಿಯ ಮೇಲೆ ಗುಲಾಬಿ ಕುಂಡಗಳು, ಗೋವೆಯ ಕಡೆಯ ಒಬ್ಬ ಮುದಿ ಅಡಿಗೆಯವ. ಇಪ್ಪತ್ತರ ವಯಸ್ಸಿಗೆ ಊರು ಬಿಟ್ಟು ಬಂದವರು, ಬಂದು ಐವತ್ತು ವರ್ಷ ದಾಟಿದರೂ ಮಾತೆಲ್ಲ ಆ ಊರಿನದೇ. ಆ ಊರಿನ ಶಾಲೆಯ ಹಳೆಯ ಮಾಸ್ತರರೊಬ್ಬರು ಊರಿನ ಇತಿಹಾಸ ಬರೆಯುತ್ತಿದ್ದರು. ಹಳಬರಲ್ಲಿ ಉಳಿದವರು ಕಡಿಮೆ. ಹಾಗಾಗಿ ಪುಣೆಗೆ ಪ್ರಶ್ನೆಗಳು ಬರುತ್ತಿದ್ದವು. ಕೊಳದ ಪಕ್ಕದ ಮನೆಯಲ್ಲಿ ಮೊದಲು ಯಾರಿದ್ದರು? ಗಂಟೆ ಬಿರುಕು ಬಿಟ್ಟದ್ದು ಯಾರ ಮದುವೆಯಲ್ಲಿ? ಮಡ್ಡಮ್ಮ ಕಣ್ಣು ಮುಚ್ಚಿ ಹೇಳುತ್ತಿದ್ದರು, ನಾನು ಬರೆಯುತ್ತಿದ್ದೆ. ಮಾಸ್ತರರ ಕಾಗದಗಳನ್ನು ಓದಿ ಹೇಳಿದರೆ ಅವರಿಗೆ ಸಾಲುತ್ತಿರಲಿಲ್ಲ. ದಪ್ಪ ಕಾಗದದ ಮೇಲೆ ಕಪ್ಪು ಮಸಿಯಲ್ಲಿ ಒಂದೊಂದು ಅಕ್ಷರವನ್ನೂ ಹೆಬ್ಬೆರಳಿನಷ್ಟು ದೊಡ್ಡದಾಗಿ ಬರೆದು ಕೊಡಬೇಕು. ಭೂತಗನ್ನಡಿ ಹಿಡಿದು ಅವರು ಅದನ್ನು ತಾವೇ ಓದಬೇಕು. ಮೂಲ ಕಾಗದ ಅವರಿಗೆ ಬರಿಯ ಮಂಜು. ಅಂದರೆ ಆ ಊರು ಅವರಿಗೆ ಉಳಿದದ್ದು ನನ್ನ ಕೈಬರಹದಲ್ಲಿ.

ಆ ಊರಿನಲ್ಲಿ ಒಂದು ಸಾಲು ಮನೆಗಳಿದ್ದವು. ಎಂಟು ಸಣ್ಣ ಕಲ್ಲಿನ ಮನೆಗಳು, ಚರ್ಚಿನ ಹಿಂದೆ. ಯಾರೋ ಹಿಂದಿನ ಪುಣ್ಯಾತ್ಮ ಊರಿನಲ್ಲಿ ಹುಟ್ಟಿದ ದಿಕ್ಕಿಲ್ಲದ ಮುದುಕರಿಗೆಂದು ಕಟ್ಟಿಸಿದ್ದು. ಅದಕ್ಕೆ ಅರ್ಜಿ ಹಾಕುವಂತಿಲ್ಲ. ಒಂದು ಮನೆ ಖಾಲಿಯಾದರೆ ಊರಿನ ಹಿರಿಯರು ಕೂತು ಯೋಚಿಸಿ ಒಬ್ಬರನ್ನು ಕರೆಯುತ್ತಾರೆ. ಕೇಳಿದವರ ಮಾನ ಹೋಯಿತೆಂದೇ ಲೆಕ್ಕ. ನಾಲ್ಕನೆಯ ಮನೆಯಲ್ಲಿ ಮಡ್ಡಮ್ಮನ ಬಾಲ್ಯದ ಗೆಳತಿ ಜೇನು ಸಾಕಿಕೊಂಡು ಇದ್ದರು. ಮಡ್ಡಮ್ಮನಿಗೆ ಆ ಸಾಲಿನಲ್ಲೊಂದು ಮನೆ ಬೇಕಿತ್ತು. ಬೇರೇನೂ ಬೇಕಿರಲಿಲ್ಲ.

"ಹಡಗಿನ ಖರ್ಚು ಎತ್ತಿಟ್ಟಿದ್ದೇನೆ," ಎನ್ನುತ್ತಿದ್ದರು. "ಇಳಿದ ಮೇಲೆ ತಟ್ಟಲಿಕ್ಕೆ ಒಂದು ಬಾಗಿಲು ಬೇಕು, ಮಗಳೇ. ಸತ್ತರೆ ಅಮ್ಮನ ಪಕ್ಕ ಮಲಗಿಸುತ್ತಾರೆ. ಇಲ್ಲಿ ಸತ್ತರೆ ಗುರುತಿಲ್ಲದವರ ಪಕ್ಕ."

ನಮ್ಮ ಮಾತೆಲ್ಲ ಇಂಗ್ಲಿಷಿನಲ್ಲೇ. ಆದರೆ ಆ ಮಗಳೇ ಎನ್ನುವುದನ್ನು ಅವರು ಮರಾಠಿಯಲ್ಲಿ, ಮುಲೀ ಎನ್ನುತ್ತಿದ್ದರು.

ಒಮ್ಮೆ ಜೇನಿನ ಸಂಗತಿ ಹೇಳಿದರು. ಆ ಊರಿನಲ್ಲಿ ಮನೆಯೊಳಗೆ ಯಾರಾದರೂ ತೀರಿಕೊಂಡರೆ ಮೊದಲು ಹೋಗಿ ಜೇನುಪೆಟ್ಟಿಗೆಯನ್ನು ಮೆಲ್ಲಗೆ ತಟ್ಟಿ, ಇಂಥವರು ಹೋದರು ಎಂದು ಹೇಳಬೇಕಂತೆ. ಹೇಳದಿದ್ದರೆ ಜೇನು ಮುನಿಸಿಕೊಂಡು ಹಾರಿಹೋಗುತ್ತದಂತೆ. ನಾನು ನಕ್ಕೆ. ಮಡ್ಡಮ್ಮನೂ ನಕ್ಕರು. "ನೀನು ಓದಿದವಳು, ನಿನಗೆ ನಗು ಬರುತ್ತದೆ. ನೀನು ಬೇರೆಯವರ ಹಾಗಲ್ಲ," ಎಂದರು. ಆ ಮಾತನ್ನು ನಾನು ಸೆರಗಿನಲ್ಲಿ ಕಟ್ಟಿಕೊಂಡು ಮನೆಗೆ ತಂದೆ. ಜೇನಿನ ವಿಷಯ ಹೇಳಿದಾಗ ಅತ್ತೆ ನಗಲಿಲ್ಲ.

"ಮತ್ತ! ಅವರೂ ಮನಷ್ಯಾರ ಅಲ್ಲೇನು. ಶಾಸ್ತ್ರ ಎಲ್ಲಾ ಕಡೆ ಅದ," ಎಂದರು.

ಯುದ್ಧದ ನಡುವೆ ನಾನು ಮತ್ತೆ ಬಸುರಿಯಾದೆ. ಏಳು ತಿಂಗಳಾದಾಗ ಮಳೆಗಾಲ. ಅತ್ತೆ ನನ್ನನ್ನು ಹೊಸಿಲು ದಾಟಲು ಬಿಡಲಿಲ್ಲ. ಹೋದ ಕೂಸಿನ ನೆನಪು ಇಬ್ಬರಿಗೂ ಇತ್ತು, ಇಬ್ಬರೂ ಅದನ್ನು ಬಾಯಿ ಬಿಟ್ಟು ಆಡುತ್ತಿರಲಿಲ್ಲ. ಹಾಗಾಗಿ ಮಡ್ಡಮ್ಮನಿಗೆ ಕಾಗದ ಬಂದರೆ ಅಡಿಗೆಯವ ಅದನ್ನು ಎಣ್ಣೆಬಟ್ಟೆಯಲ್ಲಿ ಸುತ್ತಿ ನಮ್ಮ ವಾಡೆಗೆ ತರುತ್ತಿದ್ದ. ನಾನು ದೊಡ್ಡ ಅಕ್ಷರದಲ್ಲಿ ಬರೆದಿಡುತ್ತಿದ್ದೆ, ಎರಡು ದಿನ ಬಿಟ್ಟು ಬಂದು ಒಯ್ಯುತ್ತಿದ್ದ.

ಒಂದು ಮಧ್ಯಾಹ್ನ ಮಾಸ್ತರರ ಕಾಗದ ಬಂತು. ಎರಡು ಹಾಳೆ. ಮೊದಲನೆಯ ಹಾಳೆಯಲ್ಲೇ ಆ ಸುದ್ದಿ ಇತ್ತು. ನಾಲ್ಕನೆಯ ಮನೆಯ ಗೆಳತಿ ತೀರಿಕೊಂಡಿದ್ದರು. ಚಳಿಗಾಲದ ಕೊನೆಗೆ, ನಿದ್ದೆಯಲ್ಲಿ. ಪಕ್ಕದ ಮನೆಯಾಕೆ ಹೋಗಿ ಜೇನಿಗೆ ಹೇಳಿದ್ದರಂತೆ.

ಅತ್ತೆ ಅಕ್ಕಿ ಆರಿಸುತ್ತಿದ್ದರು. "ಏನಾತು? ಮಾರಿ ಯಾಕ ಸಣ್ಣ ಮಾಡೀದಿ?"

"ಮಡ್ಡಮ್ಮನ ಗೆಳತಿ ತೀರಿಕೊಂಡಾರಂತ್ರಿ, ಅವರ ಊರಾಗ."

ಮೊರ ಕೆಳಗಿಟ್ಟರು. "ಸಾವಿನ ಕಾಗದ ಏನು ಅದು? ಹೊಟ್ಯಾಗ ಕೂಸು ಇಟಗೊಂಡು ಅದನ್ನ ಓದಲಿಕ್ಕೆ ಹತ್ತೀಯಲ್ಲ! ಕೊಡು ಇಲ್ಲೆ. ಮನ್ಯಾಗ ಇಡೂದಲ್ಲ ಅದು."

ನಮ್ಮಲ್ಲಿ ಇದು ಎಲ್ಲರಿಗೂ ಗೊತ್ತಿರುವ ಪದ್ಧತಿ. ಮೇಲೆ ಶ್ರೀಕಾರ ಇಲ್ಲದ ಕಾರ್ಡು ಬಂದರೆ ನಿಂತಲ್ಲೇ ಓದಬೇಕು, ಓದಿದ ಕೂಡಲೆ ಹರಿಯಬೇಕು. ಸಾವಿನ ಕಾಗದ ಮನೆಯಲ್ಲಿ ಉಳಿದರೆ ಇನ್ನೊಂದನ್ನು ಕರೆಯುತ್ತದೆ. ಅಪ್ಪ ಇಂಗ್ಲಿಷ್ ಕಲಿಸಿದರು ನಿಜ. ಆದರೆ ಅವರೂ ಅಂಥ ಕಾಗದವನ್ನು ಅಂಗಳದಲ್ಲಿ ಹರಿದೇ ಒಳಗೆ ಬರುತ್ತಿದ್ದರು.

"ಎರಡನೇ ಹಾಳಿ ಇನ್ನೂ ಓದಿಲ್ಲರಿ," ಎಂದೆ.

"ಸತ್ತವರ ಸುದ್ದಿ ಎಷ್ಟ ಓದಿದರೂ ಅಷ್ಟ," ಎಂದು ಅತ್ತೆ ಕಾಗದ ಕಸಿದುಕೊಂಡು ಹರಿದರು, ಬಚ್ಚಲ ಹಂಡೆಯ ಒಲೆಗೆ ಹಾಕಿದರು. ಅದೇ ಹಂಡೆಯ ಬಿಸಿನೀರನ್ನು ನನಗೆ ತಲೆಮೇಲೆ ಹೊಯ್ದರು. ಮೈ ಒರೆಸಿಕೊಳ್ಳುವಾಗ ಒಲೆಯಲ್ಲಿ ಕಪ್ಪಾದ ಒಂದು ತುಂಡು ಇನ್ನೂ ಮಗುಚುತ್ತಿತ್ತು.

ಅಡಿಗೆಯವ ಬರುವ ದಿನ ಬಂತು. ನಾನು ಏನು ಮಾಡಬೇಕಿತ್ತು ಎಂಬುದು ಮೂರು ವರ್ಷದ ಮಗುವಿಗೂ ತಿಳಿಯುತ್ತದೆ. ಹೀಗಾಯಿತು, ನಮ್ಮ ಪದ್ಧತಿ ಹೀಗೆ, ಎರಡನೆಯ ಹಾಳೆ ಓದುವ ಮೊದಲೇ ಸುಟ್ಟುಹೋಯಿತು, ಇನ್ನೊಮ್ಮೆ ಬರೆಯಲು ಕೇಳೋಣ ಎಂದು ಒಂದು ಚೀಟಿ ಕಳಿಸಿದ್ದರೆ ಮುಗಿಯುತ್ತಿತ್ತು. ಆದರೆ ನಾನು ಬೇರೆಯವರ ಹಾಗಲ್ಲದವಳು! ಜೇನಿನ ಮಾತಿಗೆ ನಕ್ಕವಳು, ಕಾಗದಕ್ಕೆ ಹೆದರಿ ತಲೆಗೆ ನೀರು ಹೊಯ್ದುಕೊಂಡೆ ಎಂದು ಯಾವ ಬಾಯಲ್ಲಿ ಹೇಳಲಿ? ಮೊದಲ ಹಾಳೆ ನೆನಪಿದ್ದಷ್ಟನ್ನು ದೊಡ್ಡ ಅಕ್ಷರದಲ್ಲಿ ಬರೆದೆ. ಕಾಗದಕ್ಕೆ ಒಂದು ಕೊನೆ ಬೇಕಲ್ಲ. ಮಾಸ್ತರರು ಹೇಗೆ ಮುಗಿಸುತ್ತಾರೆಂದು ನನಗೆ ಬಾಯಿಪಾಠ. ನಾನೇ ಎರಡು ಸಾಲು ಸೇರಿಸಿದೆ: "ನಿಮ್ಮ ಊರು ನಿಮ್ಮನ್ನು ಮರೆತಿಲ್ಲ. ಪುಣೆಯ ಮಳೆ ನಿಮಗೆ ಹಿತವಾಗಿರಲಿ."

ಮಡ್ಡಮ್ಮ ತಮ್ಮ ಉತ್ತರವನ್ನು ಅಡಿಗೆಯವನಿಗೆ ಬಾಯಲ್ಲಿ ಹೇಳಿ ಕಳಿಸಿದರು, ನಾನು ಅದನ್ನು ಬರೆದು ಅಂಚೆಗೆ ಹಾಕಿಸಿದೆ. ಗೆಳತಿಯ ಬಗ್ಗೆ ನಾಲ್ಕು ಮಾತು. ಆಮೇಲೆ, "ಇಲ್ಲಿ ಮಳೆ ಚೆನ್ನಾಗಿದೆ. ನನ್ನ ಗುಲಾಬಿಗಳು ಬದುಕಿವೆ. ನನ್ನ ಚಿಂತೆ ಮಾಡಬೇಡಿ."

ದೀಪಾವಳಿಯ ಮುಂದೆ ನನಗೆ ಮಗಳು ಹುಟ್ಟಿದಳು. ಗುಂಡುಕಲ್ಲಿನ ಹಾಗಿದ್ದಳು. ಒಂದು ವಾರ ಕಳೆಯಿತು, ಎರಡು ಕಳೆಯಿತು, ಅವಳು ಹೋಗಲಿಲ್ಲ. ಅತ್ತೆ ಜೇಜುರಿಗೆ ಹೋಗಿ ದೇವರ ಮುಂದೆ ಭಂಡಾರದ ಅರಿಸಿನ ಹಾರಿಸಿ ಬಂದರು. ಅಂಥ ಹೊತ್ತಿನಲ್ಲಿ ಎರಡನೆಯ ಹಾಳೆಯನ್ನು ಯಾರು ನೆನೆಯುತ್ತಾರೆ? ನಾನು ನೆನೆಯುತ್ತಿದ್ದೆ. ಹಾಲೂಡಿಸುವಾಗಲೂ ನೆನಪಾಗುತ್ತಿತ್ತು. ಎರಡೂ ಮಗ್ಗುಲು ತುಂಬ ಬರೆದಿದ್ದ ಹಾಳೆ ಅದು; ಅಷ್ಟು ಉದ್ದಕ್ಕೆ ಮಾಸ್ತರರು ಸುಮ್ಮನೆ ಬರೆಯುವವರಲ್ಲ.

ನಾನು ಮತ್ತೆ ಕ್ಯಾಂಪಿಗೆ ಹೋಗತೊಡಗಿದೆ, ಕಂಕುಳಲ್ಲಿ ಮಗಳು. ಮಾಸ್ತರರ ಕಾಗದಗಳು ಬರುತ್ತಲೇ ಇದ್ದವು. ಪ್ರಶ್ನೆಗಳು ಅವೇ, ಆದರೆ ಮೊದಲಿನ ಸಲಿಗೆ ಸ್ವಲ್ಪ ಕಡಿಮೆಯಾಗಿತ್ತು. ನಾನು ಓದಿ ಮುಗಿಸಿದ ಮೇಲೆ ಪ್ರತಿ ಸಲವೂ ಮಡ್ಡಮ್ಮ ಒಂದು ಕ್ಷಣ ಕಾಯುತ್ತಿದ್ದರು.

"ಇನ್ನೇನೂ ಇಲ್ಲವೇ?"

"ಇಲ್ಲ."

"ನಾಲ್ಕನೆಯ ಮನೆಗೆ ಯಾರು ಬಂದರಂತೆ?"

"ಬರೆದಿಲ್ಲ."

"ಕೇಳಬಾರದು," ಎನ್ನುತ್ತಿದ್ದರು, ನನಗಲ್ಲ, ತಮಗೇ. "ಕರೆಯುವುದಾದರೆ ಅವರೇ ಕರೆಯುತ್ತಾರೆ." ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ, ನಾನು ಮಗಳನ್ನು ಮುಟ್ಟಿ ನೋಡಿಕೊಳ್ಳುತ್ತಿದ್ದೆ.

ಯುದ್ಧ ಮುಗಿಯಿತು. ಕ್ಯಾಂಪಿನ ಬಂಗಲೆಗಳಲ್ಲಿ ಪೆಟ್ಟಿಗೆಗಳಿಗೆ ಮೊಳೆ ಹೊಡೆಯುವ ಸದ್ದು. ಸಾಹೇಬರ ಮೇಜು ಕುರ್ಚಿಗಳು ಬೀದಿ ಬದಿಯಲ್ಲಿ ಹರಾಜಾದವು. ಮಡ್ಡಮ್ಮನಿಗೆ ಎಂಬತ್ತರ ಹತ್ತಿರ. ಕಾಲು ಬಾತಿದ್ದವು, ಇನ್ನು ಹಡಗಿನ ಮಾತೇ ಬೇಡವೆಂದು ಡಾಕ್ಟರು ಹೇಳಿಬಿಟ್ಟಿದ್ದರು. ಅಂಥ ದಿನಗಳಲ್ಲಿ ಪುಸ್ತಕ ಬಂತು. ಮಾಸ್ತರರು ಬರೆದು ಮುಗಿಸಿದ್ದರು. ನೀಲಿ ರಟ್ಟಿನ ಸಣ್ಣ ಪುಸ್ತಕ, ಇಡೀ ಊರು ಅದರೊಳಗೆ.

ನಾನು ದಿನಾ ಮಧ್ಯಾಹ್ನ ಹೋಗಿ ಓದುತ್ತಿದ್ದೆ. ಮಗಳು ಮಡ್ಡಮ್ಮನ ಕಾಲ ಬಳಿ ಕೂತು ಬಿದ್ದ ಗುಲಾಬಿ ಎಸಳು ಆರಿಸುತ್ತಿದ್ದಳು. ತಾವು ಹೇಳಿದ ಮಾತುಗಳು ಅಚ್ಚಾಗಿ ಬಂದಾಗ ಮಡ್ಡಮ್ಮ ಕುರ್ಚಿಯ ಕೈ ತಟ್ಟುತ್ತಿದ್ದರು. ಐದನೆಯ ದಿನ ಆ ಸಾಲುಮನೆಗಳ ಅಧ್ಯಾಯ. ಒಂದನೆಯ ಮನೆ, ಎರಡನೆಯದು, ಮೂರನೆಯದು. ನಾನು ಮುಂದಿನ ಸಾಲನ್ನು ಕಣ್ಣಿನಲ್ಲೇ ಓದಿ ನಿಲ್ಲಿಸಿದೆ.

"ಯಾಕೆ ನಿಲ್ಲಿಸಿದೆ? ನಾಲ್ಕನೆಯದು ಬರಬೇಕು."

ಬಿಟ್ಟು ಓದಬಹುದಿತ್ತು. ಅವರಿಗೆ ಕಾಣುತ್ತಿರಲಿಲ್ಲ. ಆದರೆ ಆ ದಿನ ನನ್ನಿಂದ ಆಗಲಿಲ್ಲ. ಇದ್ದದ್ದನ್ನು ಇದ್ದ ಹಾಗೆ ಓದಿದೆ: "ನಾಲ್ಕನೆಯ ಮನೆಯನ್ನು ಹಿಂದೂಸ್ತಾನದಲ್ಲಿರುವ ಊರಿನ ಮಗಳೊಬ್ಬರಿಗೆ ಕೊಡಲು ಹಿರಿಯರೆಲ್ಲ ಒಪ್ಪಿ ಕಾಗದ ಬರೆದರು. ಆಕೆ ಬರಲು ಇಷ್ಟಪಡಲಿಲ್ಲ."

ಮಡ್ಡಮ್ಮ ಇನ್ನೊಮ್ಮೆ ಓದು ಎಂದರು. ಓದಿದೆ. "ನನಗೆ ಯಾರೂ ಬರೆಯಲಿಲ್ಲ," ಎಂದರು. ಸಿಟ್ಟಿನಿಂದಲ್ಲ, ಮಾಸ್ತರರು ಯಾರನ್ನೋ ಯಾರೋ ಎಂದುಕೊಂಡಿದ್ದಾರೆ ಎನ್ನುವ ಹಾಗೆ.

ಆಗ ಹೇಳಿದೆ. ಬಸುರಿಯಾಗಿದ್ದದ್ದು, ಸಾವಿನ ಕಾಗದ, ಅತ್ತೆ ಕಸಿದುಕೊಂಡದ್ದು, ಒಲೆ, ಕೊನೆಯ ಎರಡು ಸಾಲು ನಾನು ಬರೆದದ್ದು, ಗುಲಾಬಿಗಳು ಬದುಕಿವೆ ಎಂಬ ಅವರ ಉತ್ತರವನ್ನೇ ಊರಿನವರು ಒಲ್ಲೆ ಎಂದು ತಿಳಿದಿರಬೇಕೆಂಬುದು. ಹೇಳುತ್ತ ನನಗೆ ಅಳು ಬಂತು.

"ನಾನು ಜೇನಿಗೆ ಹೇಳುವ ಊರಿನವಳು," ಎಂದರು ಮಡ್ಡಮ್ಮ. "ನಿಮ್ಮತ್ತೆಯ ಹೆದರಿಕೆ ನನಗೆ ಅರ್ಥವಾಗುತ್ತಿರಲಿಲ್ಲವೇ? ಸುಟ್ಟದ್ದಕ್ಕೆ ನನಗೆ ಸಿಟ್ಟಿಲ್ಲ. ಆ ಎರಡು ಸಾಲು ಯಾಕೆ ಬರೆದೆ? ನನ್ನ ಊರು ನನ್ನನ್ನು ಮರೆತಿಲ್ಲ ಎಂಬ ಸಾಲನ್ನು ನಾನು ಎಷ್ಟು ಸಲ ಓದಿದ್ದೇನೆ ಗೊತ್ತೇ?"

ಮಗಳು ಎಸಳು ತುಂಬಿದ ಮುಷ್ಟಿಯನ್ನು ಅವರ ಮಡಿಲಲ್ಲಿ ಸುರಿದಳು. ಮಡ್ಡಮ್ಮ ಅದನ್ನು ಮುಟ್ಟಲಿಲ್ಲ. "ಈಗ ಹೋಗು," ಎಂದರು. ಮುಲೀ ಎನ್ನಲಿಲ್ಲ.

ಒಂದು ವಾರ ಮನೆಯಲ್ಲೇ ಕೂತೆ. ಅತ್ತೆ ಕೇಳಿದರು, ಹೇಳಿದೆ. ನಾನು ಮಡ್ಡಮ್ಮನಿಗೆ ಏನು ಹೇಳಿದೆನೋ ಅಕ್ಷರಶಃ ಅದನ್ನೇ ಹೇಳಿದೆ. ಅವರು ನನ್ನ ಮುಖವನ್ನೇ ನೋಡಿದರು, ಏನೂ ಅನ್ನಲಿಲ್ಲ. ಮಾರನೆಯ ದಿನ ಸೀರೆ ಬದಲಿಸಿ, "ನಡಿ, ನಾನೂ ಬರತೀನಿ," ಎಂದರು. ಕ್ಯಾಂಪಿನ ಕಡೆ ಅವರು ಕಾಲಿಟ್ಟದ್ದು ಅದೇ ಮೊದಲು.

ಮಡ್ಡಮ್ಮ ಜಗಲಿಯಲ್ಲಿದ್ದರು. ಅತ್ತೆ ಕುರ್ಚಿಗೆ ಒಲ್ಲೆ ಎಂದು ನೆಲದ ಮೇಲೆ ಕೂತರು. "ಹೇಳು ಅಕಿಗೆ," ಎಂದರು ನನಗೆ. "ಕಾಗದ ನಾನ ಕಸಗೊಂಡೆ ಅಂತ ಹೇಳು. ತಪ್ಪು ನಂದದ. ಹುಡುಗಿ ಮ್ಯಾಲೆ ಸಿಟ್ಟು ಮಾಡಬ್ಯಾಡ್ರಿ ಅಂತ ಹೇಳು."

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಮಡ್ಡಮ್ಮ ಕೈ ಚಾಚಿ ಗಾಳಿಯಲ್ಲಿ ಹುಡುಕಿದರು, ಅತ್ತೆಯ ತಲೆ ಸಿಕ್ಕಿತು. ಹಾಗೇ ಸ್ವಲ್ಪ ಹೊತ್ತು ಇಟ್ಟುಕೊಂಡಿದ್ದರು. ಆಮೇಲೆ ನನಗೆ ಲೇಖನಿ ತೆಗೆದುಕೋ ಎಂದು ಮಾಸ್ತರರಿಗೆ ಕಾಗದ ಬರೆಸಿದರು. ಪುಸ್ತಕದಲ್ಲಿ ಒಂದು ತಪ್ಪಿದೆ. ನಾನು ಬರಲು ಇಷ್ಟಪಡಲಿಲ್ಲ ಎಂಬುದು ಸುಳ್ಳು. ನಿಮ್ಮ ಕಾಗದದ ಎರಡನೆಯ ಹಾಳೆ ನನ್ನ ಮನೆಯಲ್ಲಿ ಕಳೆದುಹೋಯಿತು.

"ನಿಮ್ಮ ಮನೆಯಲ್ಲಿ ಅಲ್ಲ," ಎಂದೆ.

"ಹೇಳಿದಷ್ಟು ಬರೆ," ಎಂದರು. ಬರೆದೆ.

ಆ ವರ್ಷದ ಮಳೆಗಾಲದಲ್ಲಿ, ಅಂಗಡಿಗಳಲ್ಲೆಲ್ಲ ಮೂರು ಬಣ್ಣದ ಬಟ್ಟೆ ಮಾರುತ್ತಿದ್ದ ದಿನಗಳಲ್ಲಿ, ಮಡ್ಡಮ್ಮ ತೀರಿಕೊಂಡರು. ಹೂಳುವಾಗ ಪಾದ್ರಿ, ಅಡಿಗೆಯವ, ನನ್ನ ಗಂಡ, ನಾನು. ಗುರುತಿಲ್ಲದವರ ಪಕ್ಕದಲ್ಲೇ ಮಲಗಿಸಿದೆವು. ನೀಲಿ ಪುಸ್ತಕವನ್ನೂ ದೊಡ್ಡ ಅಕ್ಷರದ ಕಾಗದಗಳ ಕಟ್ಟನ್ನೂ ನನಗೇ ಕೊಡಬೇಕೆಂದು ಅಡಿಗೆಯವನಿಗೆ ಹೇಳಿಟ್ಟಿದ್ದರಂತೆ.

ಎರಡು ತಿಂಗಳ ಮೇಲೆ ಅವನು ಒಂದು ಲಕೋಟೆ ತಂದ. ಮಾಸ್ತರರಿಗೆ ಸಾವಿನ ಸುದ್ದಿ ಇನ್ನೂ ತಲುಪಿರಲಿಲ್ಲ. ಒಳಗೆ ಬೆರಳಗಲದ ಒಂದು ಅಚ್ಚಾದ ಚೀಟಿ, ಪುಸ್ತಕದಲ್ಲಿ ಅಂಟಿಸಲಿಕ್ಕೆ: "ಆಕೆ ಬರಲು ಬಯಸಿದ್ದರು. ಕಾಗದದ ಹಾಳೆ ಆಕೆಯ ಮನೆಯಲ್ಲಿ ಕಳೆದುಹೋಗಿತ್ತು." ಊರಿನಲ್ಲಿದ್ದ ಪ್ರತಿಗಳಿಗೆಲ್ಲ ಅಂಟಿಸಿದ್ದೇವೆ ಎಂದು ಕೆಳಗೆ ಬರೆದಿದ್ದರು.

"ಸಾವಿನ ಕಾಗದ ಏನು?" ಎಂದು ಒಳಗಿನಿಂದ ಅತ್ತೆ ಕೇಳಿದರು.

"ಅಲ್ಲರಿ."

"ಹಂಗಾರ ಹರೀಬ್ಯಾಡ. ಇಟಗೋ."

ಗಂಜಿ ಕಾಸಿ ಅಂಟಿಸಿದೆ. ಇವತ್ತಿಗೂ ಅದು ಬಿಟ್ಟಿಲ್ಲ. ಅತ್ತೆ ಹೋಗಿ ಬಹಳ ವರ್ಷವಾಯಿತು, ಮಾಸ್ತರರೂ ಇರಲಾರರು. ಆ ಚೀಟಿಯನ್ನು ತಿದ್ದಬಲ್ಲವಳು ಈಗ ನಾನೊಬ್ಬಳೇ. ಹಾಳೆ ಮಡ್ಡಮ್ಮನ ಮನೆಯಲ್ಲಿ ಕಳೆದುಹೋಗಲಿಲ್ಲ. ಅತ್ತೆ ಅದನ್ನು ಕಸಿದುಕೊಳ್ಳಲೂ ಇಲ್ಲ. ಮಡ್ಡಮ್ಮನಿಗೆ ಹಾಗೆ ಹೇಳಿದೆ, ಅತ್ತೆಯ ಮುಖದ ಮುಂದೆಯೇ ಹೇಳಿದೆ, ಮೇಲೆ ನಿಮಗೂ ಹಾಗೇ ಬರೆದೆ. ಆ ಮಧ್ಯಾಹ್ನ ಅತ್ತೆ ಕೂತಲ್ಲಿಂದ ಕೈ ಚಾಚಿದರು ಅಷ್ಟೇ. ಹೊಟ್ಟೆಯಲ್ಲಿ ಕೂಸು ಒದೆಯಿತು. ಎದ್ದು ಹೋಗಿ, ಎರಡೂ ಹಾಳೆಗಳನ್ನು ಅವರ ಕೈಯಲ್ಲಿ ಇಟ್ಟವಳು ನಾನು.